ಹೈಕೋರ್ಟಿನ ರಿಟ್ ವಾಪಸ್ ಪಡೆದರೆ ಮುಂದೆ ಅಪೀಲು ಹಾಕಲು ಆಗುತ್ತದಾ?

ಕೆರೆಯಂಚು: ನಮಗೆ ನೋಟಿಸೇ ಕೊಡದೆ ತಹಶೀಲ್ದಾರರು ಅಪ್ಪನ ಜಮೀನಿನ ಪಹಣಿಯಲ್ಲಿ ದೊಡ್ಡಪ್ಪನ ಮಕ್ಕಳ ಹೆಸರು ಸೇರಿಸಿದ್ದಾರೆ. ಸೀದಾ ಹೈಕೋರ್ಟಿಗೆ ರಿಟ್ (ಅಧಿಕಾರಿಯ ಆದೇಶ ಪ್ರಶ್ನಿಸುವ ಅರ್ಜಿ) ಹಾಕಿದೆವು, ಸ್ಟೇ ಸಿಕ್ಕಿತು. ಈಗ ನ್ಯಾಯಮೂರ್ತಿಗಳು ಅಸಿಸ್ಟೆಂಟ್ ಕಮಿಷನರ್ ಹತ್ತಿರ ಅಪೀಲಿಗೆ ಅವಕಾಶ ಇದೆಯಲ್ಲ, ಮೊದಲು ಅಲ್ಲಿಗೆ ಹೋಗಿ ಅಂದರಂತೆ. ಮೆಮೋ (ಕೋರ್ಟಿಗೆ ಕೊಡುವ ಚಿಕ್ಕ ಲಿಖಿತ ಹೇಳಿಕೆ) ಹಾಕಿ ವಾಪಸ್ ಪಡೆಯೋಣ ಅಂತ ವಕೀಲರು ಹೇಳುತ್ತಿದ್ದಾರೆ. ವಾಪಸ್ ಪಡೆದರೆ ಸೋತ ಹಾಗೇ ಅಲ್ವಾ ಅಂತ ಅಪ್ಪನಿಗೆ ಭಯ.

ಹಳೇ ಫೈಲು: ಸೋತ ಹಾಗೆ ಅಲ್ಲ. ಕೋರ್ಟು ನಿಮ್ಮ ತಕರಾರಿನ ಬಗ್ಗೆ ಏನೂ ತೀರ್ಮಾನ ಮಾಡಿರುವುದಿಲ್ಲ. ಆದರೆ ಮೆಮೋದಲ್ಲಿ ಏನು ಬರೆಯುತ್ತಾರೆ ಅನ್ನುವುದು ಮುಖ್ಯ. 1986ರಲ್ಲಿ ಸರ್ಗುಜಾ ಟ್ರಾನ್ಸ್‌ಪೋರ್ಟ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಅನುಮತಿ ಪಡೆಯದೆ ರಿಟ್ ವಾಪಸ್ ಪಡೆದರೆ ಅದೇ ವಿಷಯಕ್ಕೆ ಸಂವಿಧಾನದ 226ನೇ ವಿಧಿಯಡಿ ಇನ್ನೊಂದು ರಿಟ್ ಹಾಕುವಂತಿಲ್ಲ. ದಾವೆಯಂಥ ಬೇರೆ ದಾರಿಗಳು ಅದರಿಂದ ಮುಚ್ಚುವುದಿಲ್ಲ ಅಂತಲೂ ಅದರಲ್ಲೇ ಇದೆ. ಆದರೂ ಸುಮ್ನೆ ‘ವಾಪಸ್ ಪಡೆಯುತ್ತೇವೆ’ ಅಂತ ಬರೆದು ಬಿಡಬೇಡಿ. ಕರ್ನಾಟಕ ಭೂಕಂದಾಯ ಕಾಯ್ದೆಯ 136(2)ನೇ ಕಲಮಿನಡಿ ಅಪೀಲು ಹಾಕುವ ಸ್ವಾತಂತ್ರ್ಯ ಉಳಿಸಿಕೊಂಡು, ಎಲ್ಲ ವಾದಗಳನ್ನೂ ಮುಕ್ತವಾಗಿಟ್ಟು ಅಂತ ಬರೆಸಿ. ಮೆಮೋದಲ್ಲಿದ್ದರೆ ಸಾಲದು, ಆ ಮಾತು ಆರ್ಡರಿನಲ್ಲೂ ಬರಬೇಕು. ಮುಂದೆ ಎದುರು ಪಾರ್ಟಿ ತಕರಾರು ತೆಗೆದರೆ ನಿಮ್ಮ ಕೈಯಲ್ಲಿರುವುದು ಆರ್ಡರ್ ಕಾಪಿ ಒಂದೇ.

ನಾಲ್ಕನೇ ಬೆಂಚು: ಸಿವಿಲ್ ದಾವೆ ಇರುವವರು ಇದನ್ನು ಓದಿ ನಮಗೂ ಹೀಗೇ ಅಂದುಕೊಳ್ಳಬೇಡಿ, ಅಲ್ಲಿ ಇನ್ನೂ ಬಿಗಿ. ಸಿಪಿಸಿಯ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 23, ನಿಯಮ 1ರ ಪ್ರಕಾರ ಹೊಸ ದಾವೆ ಹಾಕಲು ಕೋರ್ಟಿನ ಅನುಮತಿ ಬೇಕು, ಅದಕ್ಕೆ ತಾಂತ್ರಿಕ ದೋಷವನ್ನೋ ಬೇರೆ ಸಾಕಷ್ಟು ಕಾರಣವನ್ನೋ ತೋರಿಸಬೇಕು. ಅನುಮತಿ ಇಲ್ಲದೆ ಹಿಂದೆ ಸರಿದರೆ ಅದೇ ವಿಷಯಕ್ಕೆ ಮತ್ತೆ ದಾವೆ ಹಾಕುವಂತಿಲ್ಲ. ಅನುಮತಿ ಸಿಕ್ಕರೂ ಮೊದಲ ದಾವೆಯೇ ಇರಲಿಲ್ಲ ಅನ್ನುವ ಹಾಗೆ ಕಾಲಮಿತಿ ಲೆಕ್ಕ ಹಾಕುತ್ತಾರೆ.

ಕೆರೆಯಂಚು: ಹಾಗಾದರೆ ನಮ್ಮ ಸ್ಟೇ ಕಥೆ ಏನು? ಅವರು ಜಮೀನು ಮಾರಲು ಓಡಾಡುತ್ತಿದ್ದಾರೆ.

ಹಳೇ ಫೈಲು: ಇದನ್ನು ಮೊದಲೇ ಹೇಳಬೇಕಿತ್ತು ನೀವು, ನಿಮ್ಮ ಕೇಸಿನಲ್ಲಿ ಎಲ್ಲಕ್ಕಿಂತ ದೊಡ್ಡ ವಿಷಯ ಇದೇ. ರಿಟ್ ಮುಗಿದ ದಿನವೇ ಸ್ಟೇಯೂ ಮುಗಿಯುತ್ತದೆ. ಅಪೀಲು ಹಾಕುವ ತನಕ ಕೆಲವು ವಾರ ಅದೇ ಸ್ಟೇ ಮುಂದುವರಿಸಿ ಅಂತ ವಕೀಲರು ಅವತ್ತೇ ಕೇಳಬೇಕು. ಕೊಡುವುದು ಬಿಡುವುದು ನ್ಯಾಯಮೂರ್ತಿಗಳ ವಿವೇಚನೆ, ಆದರೆ ಕೇಳದಿದ್ದರೆ ಖಂಡಿತ ಸಿಗುವುದಿಲ್ಲ. ಅಪೀಲನ್ನು ಈಗಲೇ ರೆಡಿ ಮಾಡಿಟ್ಟುಕೊಳ್ಳಿ. ರಿಟ್‌ನಲ್ಲಿ ಹೋದ ಸಮಯಕ್ಕೆ ವಿಳಂಬ ಮನ್ನಿಸಿ ಅಂತ ಒಂದು ಅರ್ಜಿ, ಎಸಿ (ಅಸಿಸ್ಟೆಂಟ್ ಕಮಿಷನರ್) ಕೋರ್ಟಿನಲ್ಲೂ ತಡೆ ಕೊಡಿ ಅಂತ ಇನ್ನೊಂದು, ಎರಡನ್ನೂ ಅಪೀಲಿನ ಜೊತೆಗೇ ಹಾಕಿ.

ನಾಲ್ಕನೇ ಬೆಂಚು: ಇನ್ನೊಂದು ಮಾತು ಅಪ್ಪನಿಗೆ ಹೇಳಿ. ಎಸಿ ಮುಂದೆ ನಡೆಯುವುದು ಪಹಣಿಯಲ್ಲಿ ಯಾರ ಹೆಸರು ಇರಬೇಕು ಅನ್ನುವ ಜಗಳ. ಅಲ್ಲಿ ಸೋತರೆ ಡಿಸಿ ಹತ್ತಿರ ರಿವಿಷನ್ (ಆದೇಶದ ಮರುಪರಿಶೀಲನೆ) ಇದೆ. ಜಮೀನಿನ ಹಕ್ಕು ಯಾರದು ಅನ್ನುವುದು ಸಿವಿಲ್ ಕೋರ್ಟಿನಲ್ಲೇ ತೀರ್ಮಾನ ಆಗಬೇಕು. ಅವರು ಮಾರಲು ಹೊರಟಿದ್ದರೆ ಎಸಿ ಆದೇಶಕ್ಕೆ ಕಾಯದೆ ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಿ ತಡೆಯಾಜ್ಞೆ ಕೇಳುವ ಬಗ್ಗೆ ವಕೀಲರ ಹತ್ತಿರ ಈ ವಾರವೇ ಮಾತಾಡಿ.