ಶಹಾಪುರದ ಅಂಗಡಿ ತೆರವು: ಬಾಡಿಗೆ ಕಾಯ್ದೆಯ ಅರ್ಜಿಯೋ, ಸಿವಿಲ್ ದಾವೆಯೋ?

ಪ್ರಶ್ನೆ – ಶಹಾಪುರ ನಿವಾಸಿ

ಬೆಳಗಾವಿಯ ಶಹಾಪುರದಲ್ಲಿ ನಮ್ಮ ತಾಯಿಯವರ ಹೆಸರಿನಲ್ಲಿ ಒಂದು ಅಂಗಡಿ ಇದ್ದು, ತಂದೆಯವರ ಕಾಲದಿಂದಲೂ ಒಬ್ಬರೇ ಬಾಡಿಗೆದಾರರು ಅದರಲ್ಲಿ ವ್ಯಾಪಾರ ಮಾಡುತ್ತಿದ್ದಾರೆ. ಕರಾರುಪತ್ರ ಇಲ್ಲ. ತಿಂಗಳಿಗೆ 4,500 ರೂಪಾಯಿ ಬಾಡಿಗೆ ಬರುತ್ತದೆ, ರಸೀದಿಗಳ ಅಡಿಪ್ರತಿ ನಮ್ಮಲ್ಲಿವೆ. ತಮ್ಮನಿಗೆ ಅಲ್ಲಿಯೇ ಅಂಗಡಿ ಹಾಕಿಕೊಡಬೇಕೆಂದು ತೆರವು ಕೇಳಿದರೆ ಅವರು ಒಪ್ಪುತ್ತಿಲ್ಲ. 1999ರ ಕರ್ನಾಟಕ ಬಾಡಿಗೆ ಕಾಯ್ದೆಯ 27ನೇ ಕಲಮಿನಡಿ ಅರ್ಜಿ ಹಾಕಬೇಕೆಂದು ಒಬ್ಬ ವಕೀಲರು ಹೇಳಿದರೆ, ಸ್ವಾಧೀನಕ್ಕಾಗಿ ದಾವೆಯನ್ನೇ ಹೂಡಬೇಕೆಂದು ಮತ್ತೊಬ್ಬರು ಹೇಳುತ್ತಾರೆ. ಅಂಗಡಿಯ ಒಳ ಅಳತೆ 9 ಅಡಿ ಅಗಲ, 16 ಅಡಿ ಉದ್ದ. ಯಾವ ನ್ಯಾಯಾಲಯಕ್ಕೆ ಹೋಗಬೇಕು?

ಉತ್ತರ – ಸಿವಿಲ್ ವಕೀಲ, ಬೆಳಗಾವಿ

ನಿಮ್ಮ ಪ್ರಶ್ನೆಗೆ ಉತ್ತರ ಟೇಪು ಹಿಡಿದು ಅಳೆಯುವುದರಲ್ಲೇ ಇದೆ. ವಾಣಿಜ್ಯ ಬಳಕೆಯ ಕಟ್ಟಡದ ತಳ ವಿಸ್ತೀರ್ಣ 14 ಚದರ ಮೀಟರ್ ಮೀರಿದ್ದರೆ 1999ರ ಕಾಯ್ದೆ ಅದಕ್ಕೆ ಅನ್ವಯಿಸುವುದೇ ಇಲ್ಲ ಎಂದು 2ನೇ ಕಲಂ ಹೇಳುತ್ತದೆ. ನೀವು ಕೊಟ್ಟ ಒಳ ಅಳತೆ 144 ಚದರ ಅಡಿ, ಅಂದರೆ 13.4 ಚದರ ಮೀಟರ್ ಆಗುವುದರಿಂದ ಅಂಗಡಿ ಕಾಯ್ದೆಯೊಳಗೇ ಇದೆ ಎಂದು ಮೊದಲ ವಕೀಲರಿಗೆ ಅನ್ನಿಸಿರಬಹುದು. ಆದರೆ ತಳ ವಿಸ್ತೀರ್ಣದಲ್ಲಿ ಗೋಡೆಯೂ ಸೇರುತ್ತದೆ. ಗೋಡೆಗಳು 9 ಅಂಗುಲದವಾಗಿದ್ದು, ಎರಡೂ ಪಕ್ಕದ ಗೋಡೆಗಳು ನೆರೆಯವರೊಂದಿಗೆ ಸಾಮಾಯಿಕವೆಂದು ಅರ್ಧರ್ಧ ಹಿಡಿದರೂ, ಹಿಂಬದಿಯ ಗೋಡೆ ಸೇರಿ ಸುಮಾರು 163 ಚದರ ಅಡಿ, ಅಂದರೆ 15 ಚದರ ಮೀಟರಿಗಿಂತ ಹೆಚ್ಚಾಗುತ್ತದೆ. ಆದ್ದರಿಂದ ಎಂಜಿನಿಯರೊಬ್ಬರಿಂದ ನಕ್ಷೆ ಮಾಡಿಸಿ, ಸಹಿ ಪಡೆದು ಇಟ್ಟುಕೊಳ್ಳಿ.

ಮೀರಿದರೆ ಕಾಯ್ದೆ ಅನ್ವಯಿಸದಂಥ ತಿಂಗಳ ಬಾಡಿಗೆಯ ಮಿತಿಯೂ ಅದೇ ಕಲಮಿನಲ್ಲಿದೆ: ಅನುಸೂಚಿಯ ‘ಎ’ ಭಾಗದ ಊರುಗಳಿಗೆ 3,500, ಉಳಿದವಕ್ಕೆ 2,000 ರೂಪಾಯಿ. ಇಲ್ಲಿ ಬಹಳ ಜನ ಎಡವುತ್ತಾರೆ, ಏಕೆಂದರೆ ಆ ಮಿತಿಗೆ ಹೋಲಿಸಬೇಕಾದದ್ದು ಇಂದು ಕೈಗೆ ಬರುವ ಬಾಡಿಗೆಯನ್ನಲ್ಲ, ಕಾಯ್ದೆಯೇ ಲೆಕ್ಕ ಹಾಕಲು ಹೇಳಿದ ಬಾಡಿಗೆಯನ್ನು.

ಕಾಯ್ದೆಯಿಂದ ಹೊರಗಿದ್ದರೆ ನಿಮ್ಮ ದಾರಿ ಆಸ್ತಿ ವರ್ಗಾವಣೆ ಕಾಯ್ದೆಯದು. 106ನೇ ಕಲಮಿನಂತೆ 15 ದಿನಗಳ ನೋಟಿಸು ಕೊಟ್ಟು ಬಾಡಿಗೆಯನ್ನು ಕೊನೆಗೊಳಿಸಿ, ನಂತರ ಸ್ವಾಧೀನದ ದಾವೆ ಹೂಡಬೇಕು. ಕೋರ್ಟ್ ಫೀ ಆಸ್ತಿಯ ಮಾರುಕಟ್ಟೆ ಬೆಲೆಯ ಮೇಲಲ್ಲ, 1958ರ ಕೋರ್ಟ್ ಫೀ ಕಾಯ್ದೆಯ 41ನೇ ಕಲಮಿನಂತೆ ಹಿಂದಿನ ಒಂದು ವರ್ಷದ ಬಾಡಿಗೆಯ ಮೇಲೆ. ನಿಮ್ಮದು 54,000 ರೂಪಾಯಿ ಆಗುವುದರಿಂದ ಮೌಲ್ಯದ ದೃಷ್ಟಿಯಿಂದ ಸಿವಿಲ್ ನ್ಯಾಯಾಧೀಶರ ಕಿರಿಯ ವಿಭಾಗವೇ ಸಾಕು. ಮಾಲೀಕತ್ವದ ತಕರಾರಿಲ್ಲದ ತೆರವು ದಾವೆಗಳು 1964ರ ಕಾಯ್ದೆಯಡಿಯ ಲಘು ವ್ಯವಹಾರಗಳ ನ್ಯಾಯಾಲಯದ ವ್ಯಾಪ್ತಿಗೆ ಬರುವುದುಂಟು, ಆದ್ದರಿಂದ ದಾಖಲಿಸುವ ಮುನ್ನ ಅದನ್ನೂ ನಿಮ್ಮ ವಕೀಲರಿಂದ ನೋಡಿಸಿಕೊಳ್ಳಿ.

ಉತ್ತರ – ಕ್ಯಾಂಪ್ ನಿವಾಸಿ

ಇದನ್ನು ಓದುವ ಕ್ಯಾಂಪಿನ, ಅಂದರೆ ಬೆಳಗಾವಿಯ ದಂಡು ಪ್ರದೇಶದ (ಕಂಟೋನ್ಮೆಂಟ್), ಮಾಲೀಕರಿಗೆ ಒಂದು ಎಚ್ಚರಿಕೆ. ದಂಡು ಪ್ರದೇಶದಲ್ಲಿ ಬಾಡಿಗೆ ನಿಯಂತ್ರಣ ಸಂವಿಧಾನದ ಕೇಂದ್ರಪಟ್ಟಿಯ 3ನೇ ನಮೂದಿಗೆ ಸೇರಿದ ವಿಷಯವಾದ್ದರಿಂದ, ರಾಜ್ಯದ ಕಾಯ್ದೆ ಅಲ್ಲಿಗೆ ತಾನಾಗಿ ಬರುವುದಿಲ್ಲ. ಕೇಂದ್ರ ಸರ್ಕಾರ 1957ರ ದಂಡು ಪ್ರದೇಶಗಳ (ಬಾಡಿಗೆ ನಿಯಂತ್ರಣ ಕಾನೂನುಗಳ ವಿಸ್ತರಣೆ) ಕಾಯ್ದೆಯಡಿ ಅಧಿಸೂಚನೆಯ ಮೂಲಕ ಅದನ್ನು ವಿಸ್ತರಿಸಿರಬೇಕು. ಶಹಾಪುರದವರ ಸಲಹೆಯನ್ನು ಕ್ಯಾಂಪಿನ ಬಂಗಲೆಗೆ ಹಾಗೆಯೇ ಹಚ್ಚಬೇಡಿ.

ಪ್ರಶ್ನೆ ಕೇಳಿದವರು

ಧನ್ಯವಾದಗಳು. ಎದುರಿನವರೂ ಒಪ್ಪಿದರೆ ಬಾಡಿಗೆ ಕಾಯ್ದೆಯ ಅರ್ಜಿಯಲ್ಲೇ ಬೇಗ ಮುಗಿಸಬಹುದಲ್ಲವೇ? ಇನ್ನೊಂದು ಭಯವೂ ಇದೆ: ಅವರು ‘ನಾನು ಬಾಡಿಗೆದಾರನೇ ಅಲ್ಲ’ ಎಂದುಬಿಟ್ಟರೆ?

ಉತ್ತರ – ಸಿವಿಲ್ ವಕೀಲ, ಬೆಳಗಾವಿ

ಇಬ್ಬರೂ ಒಪ್ಪಿದರೂ ಇಲ್ಲದ ಅಧಿಕಾರ ನ್ಯಾಯಾಲಯಕ್ಕೆ ಬರುವುದಿಲ್ಲ. ಮೂಲದಲ್ಲೇ ಅಧಿಕಾರವಿಲ್ಲದ ನ್ಯಾಯಾಲಯ ಕೊಟ್ಟ ಡಿಕ್ರಿ ಶೂನ್ಯವೆಂದು ಸುಪ್ರೀಂ ಕೋರ್ಟ್ 1954ರ ಕಿರಣ್ ಸಿಂಗ್ ಪ್ರಕರಣದಲ್ಲೇ ಹೇಳಿದ್ದು, ಅಮಲ್ಜಾರಿಯ, ಅಂದರೆ ಡಿಕ್ರಿಯನ್ನು ಜಾರಿಗೊಳಿಸುವ, ಹಂತದಲ್ಲೂ ಆ ತಕರಾರು ಎತ್ತಬಹುದು. ವರ್ಷಗಟ್ಟಲೆ ನಡೆಸಿದ ಪ್ರಕರಣ ಕೊನೆಯಲ್ಲಿ ಹೀಗೆ ಬಿದ್ದುಹೋದಾಗ ಕಕ್ಷಿದಾರರಿಗೆ ಆಗುವ ನಷ್ಟ ದೊಡ್ಡದು, ಅದಕ್ಕಾಗಿಯೇ ಅಳತೆಗೆ ಇಷ್ಟು ಒತ್ತು ಕೊಡುತ್ತಿದ್ದೇನೆ.

ಸಂಬಂಧವನ್ನೇ ಅಲ್ಲಗಳೆಯುವುದಕ್ಕೆ ಬಾಡಿಗೆ ಕಾಯ್ದೆಯ 43ನೇ ಕಲಮಿನಲ್ಲಿ ಪರಿಹಾರವಿದೆ: ಬರವಣಿಗೆಯ ಕರಾರು, ಅದಿಲ್ಲದಿದ್ದರೆ ಸಹಿ ಮಾಡಿದ ಬಾಡಿಗೆ ರಸೀದಿ ಇದ್ದರೆ ನ್ಯಾಯಾಲಯ ಅದನ್ನು ಮೇಲ್ನೋಟದ ಪುರಾವೆಯಾಗಿ ಸ್ವೀಕರಿಸಿ ಮುಂದುವರಿಯುತ್ತದೆ, ಎರಡೂ ಇಲ್ಲದಿದ್ದರೆ ಅರ್ಜಿಯನ್ನು ಅಲ್ಲಿಗೇ ನಿಲ್ಲಿಸಿ ಸಿವಿಲ್ ನ್ಯಾಯಾಲಯಕ್ಕೆ ಹೋಗಲು ಸೂಚಿಸುತ್ತದೆ. ದಾವೆಯಲ್ಲಾದರೆ ಆ ಪ್ರಶ್ನೆಯನ್ನೂ ಸಿವಿಲ್ ನ್ಯಾಯಾಲಯವೇ ತೀರ್ಮಾನಿಸುತ್ತದೆ. ಯಾವ ದಾರಿಯಾದರೂ ಆ ಅಡಿಪ್ರತಿಗಳು ಬೇಕೇ ಬೇಕು. ಅವುಗಳ ಮೇಲೆ ಬಾಡಿಗೆದಾರರ ಸಹಿ ಇದೆಯೇ ಎಂದು ನೋಡಿ, ಮುಂದಿನ ತಿಂಗಳಿನಿಂದ ಬಾಡಿಗೆಯನ್ನು ಬ್ಯಾಂಕ್ ಖಾತೆಗೆ ಹಾಕಲು ಹೇಳಿ. ಆದರೆ ನೋಟಿಸು ಕೊಟ್ಟ ಮೇಲೆ ಬರುವ ಹಣವನ್ನು ಬಾಡಿಗೆಯೆಂದು ಬರೆದುಕೊಳ್ಳಬೇಡಿ, ಬಳಕೆಯ ಪರಿಹಾರವೆಂದು ತಕರಾರು ಕಾಯ್ದಿರಿಸಿಯೇ ಸ್ವೀಕರಿಸಿ.