ವಿಂಡೋಸ್ ಹೊಸದಾಗಿ ಹಾಕಿದ ಮೇಲೆ ‘ಡಿಎಲ್‌ಎಲ್ ಇಲ್ಲ’ ಎನ್ನುತ್ತಿದೆ: ಅನುಭವ ಇದ್ದವರು ದಯವಿಟ್ಟು ತಿಳಿಸಿ

ಉಡುಪಿಯ ಮುದ್ರಕ

ರಥಬೀದಿಯ ಹತ್ತಿರ ನನ್ನದೊಂದು ಸಣ್ಣ ಡಿಟಿಪಿ ಅಂಗಡಿ ಇದೆ. ವಿಂಡೋಸ್ 10ರ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದ ಕಾರಣ, ಕಡತಗಳನ್ನೆಲ್ಲ ಬೇರೆ ಡಿಸ್ಕಿಗೆ ತೆಗೆದಿಟ್ಟು ಕಳೆದ ವಾರ ವಿಂಡೋಸ್ 11 ಹಾಕಿದೆ. ಅದು ತೊಂದರೆಯಿಲ್ಲದೆ ಮುಗಿಯಿತು. ಪುಟವಿನ್ಯಾಸಕ್ಕೆ ನಾನು ಬಳಸುವ 32 ಬಿಟ್ ತಂತ್ರಾಂಶದ ಮೂಲ ಸ್ಥಾಪಕ ಫೈಲು (ಇನ್‌ಸ್ಟಾಲರ್) ಈಗ ನನ್ನಲ್ಲಿ ಇಲ್ಲದಿರುವುದರಿಂದ ಹಳೆಯ ಫೋಲ್ಡರನ್ನೇ ನಕಲು ಮಾಡಿ ತಂದೆ. ತೆರೆದರೆ ‘ಎಂಎಸ್‌ವಿಸಿಪಿ140.ಡಿಎಲ್‌ಎಲ್ ಕಂಡುಬಂದಿಲ್ಲ’ ಎಂದಿತು. ಡಿಎಲ್‌ಎಲ್ ಎಂದರೆ ಹಲವು ತಂತ್ರಾಂಶಗಳು ಬಳಸುವ ಲೈಬ್ರರಿ ಫೈಲು. ಆ ಒಂದು ಫೈಲನ್ನು ಒಂದು ಜಾಲತಾಣದಿಂದ ಇಳಿಸಿ ವಿಂಡೋಸಿನ ಸಿಸ್ಟಮ್32 ಫೋಲ್ಡರಿಗೆ ಹಾಕಿದರೂ ಅದೇ ಸಂದೇಶ ಬಂತು. ತಂತ್ರಾಂಶದ ಫೋಲ್ಡರಿಗೇ ಹಾಕಿದಾಗ ‘0ಎಕ್ಸ್‌ಸಿ000007ಬಿ’ ಎಂಬ ದೋಷ ಬಂತು. ಯಕ್ಷಗಾನ ಮೇಳಗಳು ತಿರುಗಾಟಕ್ಕೆ ಹೊರಟಿವೆ, ಕರಪತ್ರಗಳ ಕೆಲಸ ಕೈಯಲ್ಲಿದೆ. ಮತ್ತೆ ಫಾರ್ಮ್ಯಾಟ್ ಮಾಡಬೇಕೇ, ವಿಂಡೋಸ್ 10ಕ್ಕೆ ಮರಳಬೇಕೇ ಅಥವಾ ಕೆಲವರು ಹೇಳುವಂತೆ ಲಿನಕ್ಸ್‌ಗೆ ಹೋಗಬೇಕೇ?

ಕಂಕನಾಡಿಯ ಮುದ್ರಕ

ನೀವು ಬರೆದದ್ದನ್ನು ಓದುತ್ತಿದ್ದಂತೆ ನನಗೆ ನನ್ನದೇ ಆ 17 ದಿನಗಳು ನೆನಪಾದವು. ನನಗೂ ಮೊದಲು ಬಂದದ್ದು ಇಂತಹುದೇ ಸಂದೇಶ, ನನ್ನಲ್ಲಿ ಇಲ್ಲವಾದದ್ದು ವಿಸಿರನ್‌ಟೈಮ್140 ಎಂಬ ಡಿಎಲ್‌ಎಲ್. ಬಿಡಿ ಬಿಡಿ ಡಿಎಲ್‌ಎಲ್ ಕೊಡುವ ಒಂದು ತಾಣದಿಂದ ಅದನ್ನು ಇಳಿಸಿದೆ. ಅದನ್ನು ಹಾಕಿದ ಮೇಲೆ ಇನ್ನೊಂದು ಫೈಲು ಇಲ್ಲವೆಂದಿತು, ಅದನ್ನೂ ತಂದ ಮೇಲೆ ಮತ್ತೊಂದು. ನಾಲ್ಕನೆಯ ಫೈಲಿಗೆ ಆ ತಾಣವೇ ‘ಎಲ್ಲವನ್ನೂ ತಾನಾಗಿ ಸರಿಪಡಿಸುವ’ ತಂತ್ರಾಂಶವೊಂದನ್ನು ತೋರಿಸಿತು, 1,499 ರೂಪಾಯಿ ಕೊಟ್ಟೆ. ಮರುದಿನ ಬ್ರೌಸರ್ ತೆರೆದರೆ ನಾನು ಹುಡುಕಿದ್ದು ಬಿಟ್ಟು ಬೇರೆಲ್ಲ ಬರುತ್ತಿತ್ತು.

ಒಂದು ರಿಪೇರಿ ಅಂಗಡಿಗೆ ಒಯ್ದೆ. 800 ರೂಪಾಯಿಗೆ ಹೊಸದಾಗಿ ವಿಂಡೋಸ್ ಹಾಕಿಕೊಡುತ್ತೇವೆ ಎಂದರು. ಸೀ ಡ್ರೈವನ್ನು ಮಾತ್ರ ಅಳಿಸಿ ಎಂದು ನಾನು ಬಾಯಿಮಾತಿನಲ್ಲಿ ಹೇಳಿದ್ದೆ. ಅವರು ಸೆಟಪ್‌ನ ಪಟ್ಟಿಯಲ್ಲಿ ಕಂಡ ಎಲ್ಲ ಪಾರ್ಟಿಷನ್‌ಗಳನ್ನೂ ಅಳಿಸಿದರು. 11 ವರ್ಷಗಳ ಮದುವೆ, ಗೃಹಪ್ರವೇಶ, ಬ್ರಹ್ಮಕಲಶೋತ್ಸವ, ನೇಮೋತ್ಸವಗಳ ಆಮಂತ್ರಣಗಳ ಮೂಲ ಕಡತಗಳು ಡೀ ಡ್ರೈವಿನಲ್ಲಿದ್ದವು. ಮರಳಿ ತೆಗೆಸಲು 14,000 ರೂಪಾಯಿ, ಅದನ್ನು ತುಂಬಿಕೊಳ್ಳಲು ಹೊಸ ಡಿಸ್ಕಿಗೆ 2,600 ರೂಪಾಯಿ. ಒಟ್ಟು 18,899 ರೂಪಾಯಿ ಹೋಯಿತು. ಮರಳಿ ಬಂದ ಕಡತಗಳಿಗೆ ಹೆಸರಿಲ್ಲ, ಬರೀ ಸಂಖ್ಯೆಗಳು. ಯಾವುದು ಯಾರ ಮನೆಯ ಆಮಂತ್ರಣವೆಂದು ಒಂದೊಂದನ್ನಾಗಿ ತೆರೆದು ನೋಡುವ ಕೆಲಸವನ್ನು ನನ್ನ ಹೆಂಡತಿ ಇಂದಿಗೂ ಮಾಡುತ್ತಿದ್ದಾಳೆ.

ಅಂಗಡಿಗೆ ಕೊಡುವ ಮೊದಲು ನಾನು ವಿಂಡೋಸನ್ನು ಪರೀಕ್ಷಿಸಿ ಸರಿಪಡಿಸುವ ಎಸ್‌ಎಫ್‌ಸಿ ಸ್ಕ್ಯಾನನ್ನು ಮೂರು ಸಲ, ಡಿಸ್ಮ್ ಆದೇಶವನ್ನು ಎರಡು ಸಲ ಓಡಿಸಿದ್ದೆ. ‘ಯಾವ ದೋಷವೂ ಇಲ್ಲ’ ಎಂದೇ ಉತ್ತರ. ಇಂತಹ ಕೆಲಸ ಮಾಡಿಕೊಡುವವರನ್ನು ನಾನು ಇನ್ನು ನಂಬುವುದಿಲ್ಲ.

ಮಣಿಪಾಲದ ಲಿನಕ್ಸ್ ಬಳಕೆದಾರ

ನಾನು ಎಲ್ಲವನ್ನೂ ಲಿನಕ್ಸ್‌ಗೆ ಬದಲಾಯಿಸಿದವನು, ಆ ನಿರ್ಧಾರದ ಬಗ್ಗೆ ನನಗೆ ಹೆಮ್ಮೆ ಇದೆ. ಆದರೆ ಅಲ್ಲಿ ಲೈಬ್ರರಿ ಫೈಲುಗಳ ಕಷ್ಟವೇ ಇಲ್ಲವೆಂದು ಹೇಳಿದರೆ ಸುಳ್ಳಾಗುತ್ತದೆ. ಡೆಬಿಯನ್ 11 ಎಂಬ ಲಿನಕ್ಸ್‌ನಲ್ಲಿ ಇರುವುದು ಜಿಲಿಬ್‌ಸಿ (ಹೆಚ್ಚಿನ ತಂತ್ರಾಂಶಗಳು ನಂಬಿರುವ ಮೂಲ ಲೈಬ್ರರಿ) 2.31. ನನಗೆ ಬೇಕಾದ ಒಂದು ತಂತ್ರಾಂಶ 2.34 ಕೇಳಿತು. ಗೆಳೆಯನ ಉಬುಂಟು 22.04ರಲ್ಲಿ 2.35 ಇತ್ತು. ಅಲ್ಲಿಂದ ಆ ಲೈಬ್ರರಿಯ ಲಿಬ್‌ಸಿ.ಎಸ್‌ಒ.6 ಎಂಬ ಒಂದೇ ಫೈಲನ್ನು ತಂದು ನನ್ನದರ ಮೇಲೆ ಬರೆದೆ. ಮರುಕ್ಷಣದಿಂದ ಯಾವ ಆದೇಶವೂ ಓಡಲಿಲ್ಲ. ಕಡತಗಳ ಪಟ್ಟಿ ತೋರಿಸುವ ಆದೇಶವೂ, ನಕಲು ಮಾಡುವ ಆದೇಶವೂ ಅದೇ ಲೈಬ್ರರಿಯನ್ನು ನಂಬಿ ನಿಂತಿರುವುದರಿಂದ, ತಪ್ಪನ್ನು ಸರಿಪಡಿಸುವುದಕ್ಕೆ ಬೇಕಾದ ಉಪಕರಣವೇ ಕೈಯಲ್ಲಿ ಉಳಿಯಲಿಲ್ಲ. ಮರುಚಾಲನೆ ಮಾಡಿದರೆ ಕರ್ನಲ್ ಪ್ಯಾನಿಕ್, ಅಂದರೆ ಗಣಕ ಏಳಲೇ ಇಲ್ಲ. ಜೋರು ಮಳೆ, ಅರ್ಧ ಗಂಟೆಗೊಮ್ಮೆ ಕರೆಂಟು ಹೋಗುತ್ತಿದ್ದ ರಾತ್ರಿ ಅದು. ಲೈವ್ ಪೆನ್‌ಡ್ರೈವಿನಿಂದ ಎಬ್ಬಿಸಿ, ಹಳೆಯ ಪ್ಯಾಕೇಜನ್ನು ಬಿಡಿಸಿ, ಮೂಲ ಫೈಲನ್ನು ಅದರ ಜಾಗಕ್ಕೆ ಸೇರಿಸುವಾಗ ಬೆಳಗಿನ ಜಾವ ನಾಲ್ಕು ಗಂಟೆಯಾಗಿತ್ತು.

ಎರಡನೆಯ ಪೆಟ್ಟು ಪ್ರಿಂಟರಿನದು. ಅದರ ಚಾಲಕ ತಂತ್ರಾಂಶ (ಡ್ರೈವರ್) 32 ಬಿಟ್ ಕಾಲದ್ದು. ಫೈಲು ಕಣ್ಣೆದುರೇ ಇದ್ದರೂ ‘ಅಂತಹ ಫೈಲಿಲ್ಲ’ ಎಂಬ ಉತ್ತರ ಬರುತ್ತಿತ್ತು. ಇಲ್ಲವಾದದ್ದು ಆ ಫೈಲಲ್ಲ, ಅದನ್ನು ಎತ್ತಿ ಓಡಿಸಬೇಕಾದ 32 ಬಿಟ್ ಲೋಡರ್ ಎಂದು ತಿಳಿಯಲು ನನಗೆ ಆರು ದಿನ ಬೇಕಾಯಿತು. ಐ386 ಎಂಬ 32 ಬಿಟ್ ವಿಭಾಗವನ್ನು ಸೇರಿಸಿ ಅದರ ಲಿಬ್‌ಸಿ6 ಹಾಕಿದ ಮೇಲೆ ಹತ್ತು ನಿಮಿಷದಲ್ಲಿ ಮುದ್ರಣವಾಯಿತು. ಡೆಬಿಯನ್ 12ಕ್ಕೆ ಬಂದ ಮೇಲೆ ಪ್ಯಾಕೇಜಿನ ಹೊರಗಿನಿಂದ ಒಂದು ಫೈಲನ್ನೂ ನಾನು ತಂದಿಲ್ಲ.

ಬಿಜೈಯ ರಿಪೇರಿಯವ

ಕಂಕನಾಡಿಯವರಿಗೆ ಆದ ನಷ್ಟಕ್ಕೆ ನನಗೆ ನಿಜವಾಗಿಯೂ ಬೇಸರವಿದೆ. ಆದರೆ ಒಬ್ಬರು ಮಾಡಿದ ತಪ್ಪನ್ನು ಈ ಕೆಲಸ ಮಾಡುವ ಎಲ್ಲರ ತಲೆಗೆ ಕಟ್ಟುವುದು ಸರಿಯಲ್ಲ. 19 ವರ್ಷಗಳಿಂದ ಈ ಕೆಲಸ ಮಾಡುತ್ತಿದ್ದೇನೆ. ಗಿರಾಕಿಯೇ ಕಾಗದದಲ್ಲಿ ಬರೆದು ಸಹಿ ಮಾಡದೆ ಒಂದು ಪಾರ್ಟಿಷನ್ನನ್ನೂ ನಾನು ಅಳಿಸಿಲ್ಲ. ಸಂಜೆ ಐದಕ್ಕೆ ತಂದು ಏಳಕ್ಕೆ ಬೇಕೆನ್ನುವವರಿಗೂ ಇದೇ ನಿಯಮ.

ಎಸ್‌ಎಫ್‌ಸಿಯನ್ನು ಮೂರು ಸಲ ಓಡಿಸಿದೆ ಎಂದು ಬರೆದಿದ್ದೀರಿ. ಮೂವತ್ತು ಸಲ ಓಡಿಸಿದರೂ ನಿಮ್ಮ ಕಷ್ಟ ತೀರುತ್ತಿರಲಿಲ್ಲ, ಏಕೆಂದರೆ ಅದು ಕಾಯುವುದು ವಿಂಡೋಸಿನ ಸ್ವಂತ ಫೈಲುಗಳನ್ನು ಮಾತ್ರ. ವಿಸಿರನ್‌ಟೈಮ್140 ಬರುವುದು ವಿಷುಯಲ್ ಸಿ ಪ್ಲಸ್ ಪ್ಲಸ್ ರನ್‌ಟೈಮ್ ಎಂಬ ಬೇರೆಯೇ ಪ್ಯಾಕಿನೊಳಗೆ. ಸಾಮಾನ್ಯವಾಗಿ ತಂತ್ರಾಂಶದ ಸ್ಥಾಪಕ ಅದನ್ನು ಜೊತೆಯಲ್ಲಿ ತಂದು ಹಾಕುತ್ತದೆ. ನನ್ನ ಪೆನ್‌ಡ್ರೈವಿನಲ್ಲಿ 2005, 2008, 2010, 2012, 2013ರ ಪ್ಯಾಕುಗಳೂ, 2015ರಿಂದ 2022ರವರೆಗಿನದು ಒಂದೇ ಆಗಿರುವ ಪ್ಯಾಕೂ ಇವೆ. ಪ್ರತಿಯೊಂದಕ್ಕೂ 32 ಬಿಟ್ ಮತ್ತು 64 ಬಿಟ್ ಎರಡು ರೂಪ, ಒಟ್ಟು 12 ಸ್ಥಾಪಕಗಳು. ಎಲ್ಲವೂ ಮೈಕ್ರೋಸಾಫ್ಟಿನ ತಾಣದಲ್ಲಿ ಉಚಿತವಾಗಿ ಸಿಗುವಂಥವು. ಇದಕ್ಕೆ 1,499 ರೂಪಾಯಿ ಕೊಟ್ಟವರನ್ನು ಕಂಡರೆ ನನಗೆ ಹೊಟ್ಟೆ ಉರಿಯುತ್ತದೆ.

ಕಂಕನಾಡಿಯ ಮುದ್ರಕ

ನನಗೆ ಉಪದೇಶ ಬೇಕಾಗಿಲ್ಲ. ಹಣ ಹೋದದ್ದು ನನ್ನದು, ಹನ್ನೊಂದು ವರ್ಷದ ದುಡಿಮೆ ಹೋದದ್ದೂ ನನ್ನದು. ಉಚಿತವಾಗಿ ಸಿಗುತ್ತದೆ ಎಂದು ನನಗೆ ಆ ಅಂಗಡಿಯಲ್ಲಿ ಯಾರಾದರೂ ಒಂದು ಮಾತು ಹೇಳಿದ್ದರೆ ನಾನು ಡಿಸ್ಕನ್ನು ಅವರ ಕೈಗೆ ಕೊಡುತ್ತಲೇ ಇರಲಿಲ್ಲ. ಫಾರ್ಮ್ಯಾಟ್ ಮಾಡಿದರೆ ಸಂಪಾದನೆ, ಒಂದು ಪ್ಯಾಕ್ ಹಾಕಿದರೆ ಸಂಪಾದನೆ ಇಲ್ಲ ಎಂಬ ಲೆಕ್ಕವನ್ನು ನಿಮ್ಮ ವೃತ್ತಿಯವರು ಬಿಡಬೇಕು.

ಬಿಜೈಯ ರಿಪೇರಿಯವ

ಪ್ಯಾಕ್ ಹಾಕಿಕೊಡುವುದಕ್ಕೆ ನಾನು 150 ರೂಪಾಯಿ ತೆಗೆದುಕೊಳ್ಳುತ್ತೇನೆ, ಗುರುತಿನವರಾದರೆ ಅದೂ ಇಲ್ಲ. ನನ್ನ ಬಗ್ಗೆ ಆ ಲೆಕ್ಕ ಹೇಳಬೇಡಿ.

ಮಣಿಪಾಲದ ಲಿನಕ್ಸ್ ಬಳಕೆದಾರ

ಮೂಲದ ಗೊಂದಲ ಹೆಸರಿನಲ್ಲಿಯೇ ಇದೆ. 64 ಬಿಟ್ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿ ಇರುವುದು 64 ಬಿಟ್ ಲೈಬ್ರರಿಗಳು, ಸಿಸ್‌ವಾವ್64 ಎಂಬುದರಲ್ಲಿ ಇರುವುದು 32 ಬಿಟ್ ಲೈಬ್ರರಿಗಳು. ಹೀಗೆ ಹೆಸರಿಟ್ಟರೆ ಸಾಮಾನ್ಯ ಬಳಕೆದಾರ ತಪ್ಪು ಜಾಗಕ್ಕೆ ಹಾಕದೆ ಇನ್ನೇನು ಮಾಡುತ್ತಾನೆ? ಡೆಬಿಯನ್ನಿನಲ್ಲಿ ಐ386 ಎಂದೂ ಎಕ್ಸ್86-64 ಎಂದೂ ಫೋಲ್ಡರುಗಳ ಹೆಸರೇ ತಿಳಿಸುತ್ತದೆ.

ಬಿಜೈಯ ರಿಪೇರಿಯವ

ಸಿಸ್ಟಮ್32 ಎಂಬ ದಾರಿಯನ್ನು ತಮ್ಮೊಳಗೆ ಬರೆದುಕೊಂಡ ತಂತ್ರಾಂಶಗಳು ಸಾವಿರಾರು ಇದ್ದವು. ಅವುಗಳನ್ನು 64 ಬಿಟ್‌ಗೆ ತರುವಾಗ ಮುರಿಯಬಾರದೆಂದೇ ಹೆಸರನ್ನು ಉಳಿಸಿಕೊಂಡರು. ಅದರಲ್ಲಿ ತಪ್ಪು ಕಾಣುವವರು ಮುದ್ರಣಾಲಯದ ಬದುಕನ್ನು ಕಂಡವರಲ್ಲ. ಮುದ್ರಣದ ಪ್ಲೇಟ್ ಮಾಡುವವರಿಗೆ ಕೋರೆಲ್‌ಡ್ರಾ ಕಡತ ಕೊಡಬೇಕಾದ ಮನುಷ್ಯನಿಗೆ ಸೀಸನ್ನಿನ ಮಧ್ಯದಲ್ಲಿ ಲಿನಕ್ಸ್‌ಗೆ ಹೋಗಿ ಎನ್ನುವುದು ನ್ಯಾಯವಲ್ಲ.

ಮಣಿಪಾಲದ ಲಿನಕ್ಸ್ ಬಳಕೆದಾರ

ಹೋಗಿ ಎಂದು ನಾನು ಎಲ್ಲಿಯೂ ಬರೆದಿಲ್ಲ, ನನ್ನ ಅನುಭವ ಬರೆದಿದ್ದೇನೆ. ಪ್ಲೇಟಿಗೆ ಪಿಡಿಎಫ್ ಸಾಕು, ನಾನು ಕೊಡುತ್ತಿರುವುದು ಅದನ್ನೇ. ಪುಟವಿನ್ಯಾಸದ ಸ್ಕ್ರೈಬಸ್ ತಂತ್ರಾಂಶ ಈಗ ಅಕ್ಷರ ಜೋಡಿಸುವ ಹಾರ್ಫ್‌ಬಜ್ ಲೈಬ್ರರಿಯ ನೆರವಿನಿಂದ ಕನ್ನಡದ ಒತ್ತಕ್ಷರಗಳನ್ನು ಸರಿಯಾಗಿ ಕೂರಿಸುತ್ತದೆ. ಹಳೆಯ ಪೇಜ್‌ಮೇಕರ್ ಕಡತಗಳನ್ನೂ ಲಿಬ್‌ಪೇಜ್‌ಮೇಕರ್ ಮೂಲಕ ತೆರೆಯುತ್ತದೆ. ಆದರೆ ಅವುಗಳ ಕನ್ನಡ ಯೂನಿಕೋಡ್ ಅಲ್ಲದ ಹಳೆಯ ಫಾಂಟಿನದ್ದಾದ್ದರಿಂದ ಅಕ್ಷರಗಳನ್ನು ಬೇರೆಯಾಗಿ ಪರಿವರ್ತಿಸಬೇಕು, ಒಂದೊಂದು ಪುಟಕ್ಕೂ ಕರಡು ತಿದ್ದಬೇಕು. ಆ ಶ್ರಮವನ್ನು ನಾನು ಮುಚ್ಚಿಡುವುದಿಲ್ಲ.

ಕುಂದಾಪುರದಿಂದ

ನನ್ನ ಕಷ್ಟ ಇನ್ನೂ ಮೊದಲೇ, ವಿಂಡೋಸ್ ಹಾಕುವ ಪೆನ್‌ಡ್ರೈವಿನಲ್ಲಿಯೇ ಆಯಿತು. ಎಫ್‌ಎಟಿ32 ವಿಧಾನದಲ್ಲಿ ಫಾರ್ಮ್ಯಾಟ್ ಮಾಡಿದ ಪೆನ್‌ಡ್ರೈವಿಗೆ 4 ಜಿಬಿಗಿಂತ ದೊಡ್ಡ ಫೈಲು ಹೋಗುವುದಿಲ್ಲ. ವಿಂಡೋಸ್ ಸೆಟಪ್‌ನ ಮುಖ್ಯ ಫೈಲಾದ ಇನ್‌ಸ್ಟಾಲ್.ವಿಮ್ ಅದಕ್ಕಿಂತ ದೊಡ್ಡದಿತ್ತು. ಡಿಸ್ಮ್‌ನಿಂದ 3,800 ಎಂಬಿಯ ತುಂಡುಗಳನ್ನಾಗಿ ಒಡೆದು ಎಸ್‌ಡಬ್ಲ್ಯೂಎಂ ಫೈಲುಗಳನ್ನಾಗಿ ಮಾಡಿ ಹಾಕಿದೆ. ಅದಾದ ಮೇಲೆ 11ನೆಯ ತಲೆಮಾರಿನ ಇಂಟೆಲ್ ಲ್ಯಾಪ್‌ಟಾಪಿನಲ್ಲಿ ಡಿಸ್ಕೇ ಕಾಣಲಿಲ್ಲ. ಡಿಸ್ಕನ್ನು ನಿಭಾಯಿಸುವ ಇಂಟೆಲ್‌ನ ವಿಎಂಡಿ ಚಾಲಕವನ್ನು ಸೆಟಪ್ ಸಮಯದಲ್ಲಿ ಕೊಟ್ಟ ಮೇಲೆ ಕಂಡಿತು. ಈ ಎರಡು ಅಡ್ಡಿಗಳಿಗೆ ನನ್ನ ಎರಡು ಭಾನುವಾರಗಳು ಹೋದವು.

ಸುರತ್ಕಲ್‌ನ ಕರಡು ತಿದ್ದುವಾಕೆ

ಕನ್ನಡ ಅಕ್ಷರಗಳೇ ಒಂದು ಲೈಬ್ರರಿ ಫೈಲಿನ ಮೇಲೆ ನಿಂತಿದ್ದ ಕಾಲವನ್ನು ನಾನು ಕಂಡಿದ್ದೇನೆ. ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟು ಇದ್ದರೂ, ಕ್ಲಿಷ್ಟ ಲಿಪಿಗಳ ಫೈಲುಗಳನ್ನು ಸಿಡಿಯಿಂದ ಬೇರೆಯಾಗಿ ಹಾಕಿಕೊಳ್ಳದಿದ್ದರೆ ಒತ್ತಕ್ಷರ ಕೆಳಗಿಳಿಯುತ್ತಿರಲಿಲ್ಲ. ‘ಅಕ್ಷರ’ ಎಂಬ ಪದವೇ ತುಂಡಾಗಿ ಕಾಣುತ್ತಿತ್ತು. ಅಕ್ಷರ ಜೋಡಿಸುವ ಯುಎಸ್‌ಪಿ10.ಡಿಎಲ್‌ಎಲ್ ಎಂಬ ಫೈಲಿನ ಹೊಸ ಆವೃತ್ತಿಯನ್ನು ನಾನು ಯಾರದೋ ಮಾತು ಕೇಳಿ ಸಿಸ್ಟಮ್32ರಲ್ಲಿ ಬದಲಾಯಿಸಿದೆ. ಕೆಲವೇ ಕ್ಷಣಗಳಲ್ಲಿ ಹಳೆಯದೇ ಮರಳಿ ಬಂದು ಕೂತಿತು. ಡಿಎಲ್‌ಎಲ್‌ಕ್ಯಾಶ್ ಎಂಬಲ್ಲಿ ಬಚ್ಚಿಟ್ಟ ಪ್ರತಿಯಿಂದ ವಿಂಡೋಸ್ ತನ್ನ ಫೈಲನ್ನು ತಾನೇ ಕಾಪಾಡಿಕೊಳ್ಳುತ್ತಿತ್ತೆಂದು ನನಗೆ ಆಗ ಗೊತ್ತಿರಲಿಲ್ಲ. ಇಡೀ ಮಧ್ಯಾಹ್ನ ಅದನ್ನೇ ಒಂಬತ್ತು ಸಲ ಮಾಡಿದ್ದೆ.

ವಿಂಡೋಸ್ 10ರಿಂದ ಈಚೆಗೆ ತುಂಗಾ ತಾನಾಗಿ ಬರುವುದಿಲ್ಲ, ಕನ್ನಡದ ಪೂರಕ ಫಾಂಟುಗಳೆಂಬ ಐಚ್ಛಿಕ ಸೌಲಭ್ಯವನ್ನು ಸೇರಿಸಬೇಕು. ಅದಿಲ್ಲದಿದ್ದರೆ ತುಂಗಾದಲ್ಲಿ ಕೂರಿಸಿದ ಹಳೆಯ ಕಡತಗಳು ನಿರ್ಮಲಾ ಫಾಂಟಿನಲ್ಲಿ ತೆರೆದುಕೊಂಡು ಸಾಲುಗಳು ಮುರಿಯುವ ಜಾಗ ಬದಲಾಗುತ್ತದೆ. ಹೀಗೆ ಒಂದು ಸ್ಮರಣ ಸಂಚಿಕೆಯ 64 ಪುಟಗಳನ್ನು ನಾನು ಎರಡನೆಯ ಸಲ ತಿದ್ದಬೇಕಾಯಿತು.

ಉಡುಪಿಯ ಮುದ್ರಕ

ಎಲ್ಲರಿಗೂ ಕೃತಜ್ಞತೆಗಳು. ಬಿಜೈಯವರು ಹೇಳಿದ 2015ರಿಂದ 2022ರ ಪ್ಯಾಕನ್ನು ಮೈಕ್ರೋಸಾಫ್ಟಿನ ತಾಣದಿಂದಲೇ ತಂದು, 64 ಬಿಟ್ ಮತ್ತು 32 ಬಿಟ್ ಎರಡನ್ನೂ ಹಾಕಿ ಮರುಚಾಲನೆ ಮಾಡಿದೆ. ಈಗಲೂ ಅದೇ ‘0ಎಕ್ಸ್‌ಸಿ000007ಬಿ’ ಬರುತ್ತಿದೆ.

ಕಂಕನಾಡಿಯ ಮುದ್ರಕ

ನೋಡಿದಿರಾ? ಪ್ಯಾಕಿನಿಂದಲೇ ಎಲ್ಲ ಸರಿಯಾಗುತ್ತದೆ ಎಂದು ಬರೆದವರು ಈಗ ಉತ್ತರ ಕೊಡಲಿ.

ಬಿಜೈಯ ರಿಪೇರಿಯವ

ಕೊಡುತ್ತೇನೆ. ಅವರು ಮೊದಲು ಬರೆದುದನ್ನು ನಾವು ಯಾರೂ ಗಮನವಿಟ್ಟು ಓದಲಿಲ್ಲ, ಆ ತಪ್ಪು ನನ್ನದೂ ಹೌದು. ಸಿಸ್ಟಮ್32ಕ್ಕೆ ಹಾಕಿದಾಗ ಸಂದೇಶ ಬದಲಾಗಲಿಲ್ಲ, ಏಕೆಂದರೆ 32 ಬಿಟ್ ತಂತ್ರಾಂಶ ಅಲ್ಲಿಗೆ ಕೈ ಚಾಚಿದರೆ ವಿಂಡೋಸ್ ಅದನ್ನು ಸಿಸ್‌ವಾವ್64ಕ್ಕೆ ತಿರುಗಿಸುತ್ತದೆ. ತಂತ್ರಾಂಶದ ಫೋಲ್ಡರಿಗೆ ಹಾಕಿದಾಗ ಫೈಲು ಸಿಕ್ಕಿತು, ಆದರೆ ಅದು 64 ಬಿಟ್‌ನದು. ಎರಡು ಬೆರೆತಾಗ ಬರುವ ದೋಷವೇ ಇದು. ಲೈಬ್ರರಿಯನ್ನು ಹುಡುಕುವಾಗ ತಂತ್ರಾಂಶದ ಸ್ವಂತ ಫೋಲ್ಡರಿಗೆ ಮೊದಲ ಸರದಿ. ಅಲ್ಲಿ ನೀವು ಇಟ್ಟ ಫೈಲು ಇನ್ನೂ ಕೂತಿರುವವರೆಗೆ, ಪ್ಯಾಕ್ ತಂದ ಸರಿಯಾದ ಫೈಲಿನವರೆಗೆ ಹುಡುಕಾಟ ತಲಪುವುದೇ ಇಲ್ಲ. ಆ ಎಂಎಸ್‌ವಿಸಿಪಿ140ನ್ನು ಅಲ್ಲಿಂದ ತೆಗೆಯಿರಿ. ಸಿಸ್ಟಮ್32ಕ್ಕೆ ಹಾಕಿದ್ದರ ಜಾಗದಲ್ಲಿ ಅಸಲಿ ಫೈಲು ಬರುವಂತೆ 64 ಬಿಟ್ ಪ್ಯಾಕಿನಲ್ಲಿ ‘ರಿಪೇರ್’ ಒತ್ತಿರಿ. ವೈರಸ್ ತಪಾಸಣೆಯನ್ನೂ ಮಾಡಿ.

ಉಡುಪಿಯ ಮುದ್ರಕ

ತೆಗೆದೆ. ತೆರೆಯಿತು. ಹಳೆಯ ಕರಪತ್ರದ ಕಡತವೂ ತೆರೆಯಿತು, ಆದರೆ ಸುರತ್ಕಲ್‌ನವರು ಹೇಳಿದಂತೆ ಸಾಲುಗಳು ಕದಲಿವೆ. ಪೂರಕ ಫಾಂಟುಗಳನ್ನು ಈಗ ಇಳಿಸುತ್ತಿದ್ದೇನೆ. ಲಿನಕ್ಸನ್ನು, ತಿರುಗಾಟ ಮುಗಿಯುವ ದಿನವಾದ ಪತ್ತನಾಜೆ ಕಳೆದು ಮೇಳಗಳು ಗೆಜ್ಜೆ ಬಿಚ್ಚಿದ ಮೇಲೆ ಇನ್ನೊಂದು ಡಿಸ್ಕಿನಲ್ಲಿ ಹಾಕಿ ನೋಡುತ್ತೇನೆ. ಮಣಿಪಾಲದವರು ಆಗ ಪ್ರಿಂಟರಿನ ವಿಷಯದಲ್ಲಿ ನೆರವಾಗಬೇಕು.

ಮಣಿಪಾಲದ ಲಿನಕ್ಸ್ ಬಳಕೆದಾರ

ಖಂಡಿತ. ಪ್ರಿಂಟರಿನ ಮಾದರಿಯನ್ನು ಮೊದಲೇ ತಿಳಿಸಿ, ಅದರ ಚಾಲಕ ಎಷ್ಟು ಬಿಟ್‌ನದೆಂದು ನೋಡಿಟ್ಟುಕೊಳ್ಳುತ್ತೇನೆ.