ಹನೋಯಿ ಸುತ್ತಲಿನ ಕಸುಬಿನ ಹಳ್ಳಿಗಳು: ಗೈಡ್ ಜೊತೆ ಒಂದು ದಿನದ ಟ್ರಿಪ್ ಹೋಗಿ ಬಂದವರು ಅನುಭವ ಹೇಳಿ

ಕಾವೇರಿ ತೀರ
ಎಲ್ಲರಿಗೂ ನಮಸ್ಕಾರ. ಜನವರಿಯಲ್ಲಿ ನಾನು, ಯಜಮಾನರು, ಅತ್ತೆ ಮತ್ತು ಹತ್ತು ವರ್ಷದ ಮಗಳು ಹನೋಯಿಗೆ ಹೋಗುತ್ತಿದ್ದೇವೆ. ಹಾ ಲಾಂಗ್ ಕೊಲ್ಲಿ ಬುಕ್ ಆಗಿದೆ. ಒಂದು ದಿನ ಖಾಲಿ ಇದೆ. ಹೋಟೆಲಿನವರು ಊದುಬತ್ತಿ ಹಳ್ಳಿ, ಟೋಪಿ ಹಳ್ಳಿ, ಲ್ಯಾಕರ್ (ಮರದ ಸಾಮಾನಿಗೆ ಹೊಳಪಿನ ಲೇಪ) ಕೆಲಸದ ಹಳ್ಳಿ ಸೇರಿಸಿ ಊಟ, ಗೈಡ್ ಸಮೇತ ತಲೆಗೆ 48 ಡಾಲರ್ ಹೇಳುತ್ತಿದ್ದಾರೆ. ಇನ್ನೊಂದು ಕಡೆ ಬಾಟ್ ಟ್ರಾಂಗ್ ಕುಂಬಾರಿಕೆ ಮತ್ತು ಡಾಂಗ್ ಹೋ ಚಿತ್ರದ ಹಳ್ಳಿ, 55 ಡಾಲರ್. ಅತ್ತೆಗೆ ಮಂಡಿ ನೋವು, ಶುದ್ಧ ಸಸ್ಯಾಹಾರಿ. ಯಾವುದು ತಗೊಳ್ಳಲಿ?

ಫಿಲ್ಟರ್ ಕಾಫಿ
ಮೇಡಂ, ನಾವು ಹೋಗಿದ್ದು ಇದೇ ಮೂರು ಹಳ್ಳಿಗೆ. ಕ್ವಾಂಗ್ ಫು ಕಾವ್, ಚುವಾಂಗ್, ಹಾ ಥಾಯ್. ಇಬ್ಬರಿಗೆ 90 ಡಾಲರ್ ಮೊದಲೇ ಕಟ್ಟಿಸಿಕೊಂಡರು. ಎಂಟಕ್ಕೆ ರೆಡಿ ಇರಿ ಅಂದರು. ವ್ಯಾನ್ ಬಂದಿದ್ದು 8.40ಕ್ಕೆ. ಹಳೇ ಪೇಟೆಯ ಓಣಿ ಓಣಿ ತಿರುಗಿ ಉಳಿದವರನ್ನು ಹತ್ತಿಸಿಕೊಳ್ಳುವಷ್ಟರಲ್ಲಿ ಒಂಬತ್ತೂವರೆ. ಊರು ದಾಟುತ್ತಿದ್ದ ಹಾಗೆ ಒಂದು ದೊಡ್ಡ ಅಂಗಡಿ ಮುಂದೆ ನಿಲ್ಲಿಸಿದರು. ಟಾಯ್ಲೆಟ್‌ಗೆ ಅಂತೆ. ಟಾಯ್ಲೆಟ್ ಇರುವುದು ಅಂಗಡಿಯ ಕಟ್ಟಕಡೆಯ ಮೂಲೆಯಲ್ಲಿ. ಕಸೂತಿ, ಮುತ್ತು, ಹರಳು, ಎಲ್ಲ ಕೌಂಟರ್ ದಾಟಿಕೊಂಡೇ ಹೋಗಬೇಕು. ಅಲ್ಲೇ 40 ನಿಮಿಷ ಹೋಯಿತು.

ಹೊಟ್ಟೆ ಉರಿದಿದ್ದು ಚುವಾಂಗ್‌ನಲ್ಲಿ. ಆ ಊರಿನ ಟೋಪಿ ಸಂತೆ ಅವರ ಚಾಂದ್ರಮಾನ ತಿಂಗಳ 4, 10, 14, 20, 24, 30ನೇ ದಿನ ನಡೆಯುತ್ತದೆ. ಬೆಳಗಿನ ಜಾವ ಶುರುವಾಗಿ ಬಿಸಿಲೇರುವ ಮೊದಲೇ ಮುಗಿಯುತ್ತದೆ. ನಾವು ಕಾಲಿಟ್ಟಿದ್ದು 11 ಗಂಟೆಗೆ. ಗೈಡ್ ನಗುತ್ತಾ 'ಇವತ್ತು ಸಂತೆ ದಿನವೇ ಆಗಿತ್ತು' ಅಂದ! ಖಾಲಿ ಕಟ್ಟೆ, ಬಿದ್ದ ಎಲೆ ಚೂರು. ಅದರ ಫೋಟೊ ಇದೆ ನನ್ನ ಹತ್ತಿರ.

ಊದುಬತ್ತಿ ಹಳ್ಳಿಯಲ್ಲಿ ಫೋಟೊ ತೆಗೆಯಲು ತಲೆಗೆ 1 ಲಕ್ಷ ಡಾಂಗ್. ರೂಪಾಯಿಗೆ ಸುಮಾರು 300 ಡಾಂಗ್ ಲೆಕ್ಕ ಹಾಕಿ. ಟಿಕೆಟ್‌ನಲ್ಲಿ ಅದು ಸೇರಿಲ್ಲವಂತೆ. ತುಂತುರು ಮಳೆ ಬೇರೆ. ಕಡ್ಡಿ ಒಣಗಿಸಲು ಯಾರೂ ಹೊರಗೆ ಹಾಕಿರಲಿಲ್ಲ. ಫೋಟೊಗೆ ಅಂತ ಜೋಡಿಸಿಟ್ಟ ಹಳೆಯ ಕಟ್ಟುಗಳ ನಡುವೆ ನಿಂತು ಹಲ್ಲು ಕಿರಿದು ಬಂದೆವು. ಟೋಪಿಗೆ ಬಣ್ಣ ಹಚ್ಚುವುದಕ್ಕೆ 80 ಸಾವಿರ, ಊಟದ ಜೊತೆ ಎಳನೀರು 40 ಸಾವಿರ, ಕೊನೆಗೆ ಟಿಪ್ಸ್ ಅಂತ ಡಬ್ಬಿಯೇ ತಂದರು. ಸುಮ್ನೆ ದುಡ್ಡು ದಂಡ.

ಬತ್ತಿ ಬಿಸಿನೆಸ್
ಫಿಲ್ಟರ್ ಕಾಫಿ ಅವರೇ, ಫೋಟೊಗೆ ಮುನ್ನೂರು ಚಿಲ್ಲರೆ ರೂಪಾಯಿ ಕೊಟ್ಟಿದ್ದಕ್ಕೆ ಇಷ್ಟು ಸಂಕಟವೇ? ಅದು ಜನ ಕೆಲಸ ಮಾಡುವ ಅಂಗಳ. ನಿಮ್ಮ ಮನೆ ಅಂಗಳಕ್ಕೆ ದಿನಾ ಇನ್ನೂರು ಜನ ಬಂದು ಸೆಲ್ಫಿ ತೆಗೆದರೆ ಕಾಫಿ ಕೊಟ್ಟು ಕಳಿಸುತ್ತೀರಾ?

ಆ ಹಳ್ಳಿ ಬದುಕಿದ್ದು ಫೋಟೊದಿಂದಲ್ಲ. ಬಿದಿರು ಸೀಳಿ ಕಡ್ಡಿ ಮಾಡುವುದೇ ಅವರ ಮೂಲ ಕಸುಬು. ಭಾರತಕ್ಕೂ ಕಳಿಸುತ್ತಿದ್ದರು. ಮೈಸೂರು, ಬೆಂಗಳೂರಿನಲ್ಲಿ ಸೆಂಟು ಹಾಕಿ ಪ್ಯಾಕ್ ಮಾಡುವ ಎಷ್ಟೋ ಬತ್ತಿಯ ಒಳಗೆ ಇದ್ದಿದ್ದು ವಿಯೆಟ್ನಾಂ ಕಡ್ಡಿ. ನಾನೂ ತರಿಸುತ್ತಿದ್ದೆ. ಮೊದಲು ರಾ ಬತ್ತಿ, ಅಂದರೆ ಸೆಂಟು ಹಾಕದ ಬತ್ತಿ, ಆಮೇಲೆ ಬರೀ ಕಡ್ಡಿ. 2019ರ ಆಗಸ್ಟ್ ಕೊನೆಯಲ್ಲಿ ಕೇಂದ್ರ ಸರ್ಕಾರ ಅಗರಬತ್ತಿ ಆಮದನ್ನು ನಿರ್ಬಂಧಿತ ಪಟ್ಟಿಗೆ ಹಾಕಿತು. ಲೈಸೆನ್ಸ್ ಇಲ್ಲದೆ ಒಂದು ಕೆಜಿಯೂ ಬರುವಂತಿಲ್ಲ. ನಾನು ಅಲ್ಲಿನ ಏಜೆಂಟಿಗೆ ಕೊಟ್ಟಿದ್ದ ಮುಂಗಡ 6 ಲಕ್ಷ 40 ಸಾವಿರ. ವಾಪಸ್ ಬಂದಿದ್ದು 5 ಲಕ್ಷ 10 ಸಾವಿರ, ಅದೂ ಕಂತಿನಲ್ಲಿ. ಸರಿ, ಕಡ್ಡಿಯನ್ನಾದರೂ ತರಿಸೋಣ ಅಂದರೆ 2020ರ ಜೂನ್‌ನಲ್ಲಿ ಬಿದಿರು ಕಡ್ಡಿಯ ಸುಂಕ 10ರಿಂದ 25 ಪರ್ಸೆಂಟ್‌ಗೆ ಏರಿತು. 8 ಇಂಚು, 1.3 ಎಂಎಂ ರೌಂಡ್ ಕಡ್ಡಿ ಹುಡುಕಿಕೊಂಡು ನಾನು ಅಸ್ಸಾಂ, ತ್ರಿಪುರಾ ಎಲ್ಲ ಅಲೆದೆ. ಬಂದ ಮೊದಲ ಲೋಡಿನಲ್ಲಿ ಕಾಲು ಭಾಗ ಮೆಷಿನ್‌ಗೆ ಸಿಕ್ಕಿಕೊಂಡು ಮುರಿಯುತ್ತಿತ್ತು.

ಹಾಗಾಗಿ ಹನೋಯಿಗೆ ಹೋದಾಗ ಆ ಹಳ್ಳಿಗೇ ಹೋದೆ. ಗೈಡ್ ಒಬ್ಬನೇ, ಕಾರ್ ನನಗೊಬ್ಬನಿಗೇ, 95 ಡಾಲರ್. ಫೋಟೊ ಅಂಗಳಕ್ಕೆ ಹೋಗಲೇ ಇಲ್ಲ. ಹಿಂದಿನ ಬೀದಿಯಲ್ಲಿ ಸೀಳುವ ಮೆಷಿನ್, ಬಣ್ಣದ ತೊಟ್ಟಿ, ಗೋಡೌನ್ ನೋಡಿದೆ. ಒಬ್ಬ ಯಜಮಾನ ನನ್ನ ಕಾರ್ಡ್ ನೋಡಿ 'ಬೆಂಗಳೂರು' ಅಂತ ಸರಿಯಾಗಿ ಓದಿದ. 95 ಡಾಲರ್ ವಸೂಲಾಯಿತು.

ಮಲೆನಾಡ ಮಳೆ
ಆಮದು ನಿಂತಿದ್ದು ಒಳ್ಳೆಯದೇ ಆಯಿತು ಬಿಡಿ ಸರ್. ನಮ್ಮ ಕಡೆ ಹೆಂಗಸರು ಮನೆಯಲ್ಲೇ ಕೂತು ಬತ್ತಿ ಹೊಸೆದು ಸಂಸಾರ ಸಾಗಿಸುತ್ತಿದ್ದರು. ನಿಮ್ಮಂಥವರು ಹಡಗಿನಲ್ಲಿ ರಾ ಬತ್ತಿ ತರಿಸಿ ಅವರ ಕೂಲಿ ತಿಂದಿರಿ. ಈಗ ಮುಂಗಡದ ಲೆಕ್ಕ ಹೇಳಿಕೊಂಡು ಅಳುತ್ತೀರಿ.

ಬತ್ತಿ ಬಿಸಿನೆಸ್
ಮಲೆನಾಡ ಮಳೆಯವರೇ, ಕೈಯಲ್ಲಿ ಹೊಸೆಯುವುದು ಚೌಕ ಕಡ್ಡಿಗೆ. ರೌಂಡ್ ಕಡ್ಡಿ ಮೆಷಿನ್‌ಗೆ. ಅಷ್ಟೂ ಗೊತ್ತಿಲ್ಲದೆ ನನ್ನನ್ನು ಕೂಲಿ ತಿಂದವ ಅನ್ನಬೇಡಿ. ನನ್ನ ಶೆಡ್‌ನಲ್ಲಿ ಹದಿನಾಲ್ಕು ಹೆಂಗಸರು ಕೆಲಸ ಮಾಡುತ್ತಾರೆ, ಪಿಎಫ್ ಸಮೇತ.

ಮಲೆನಾಡ ಮಳೆ
ಮೆಷಿನ್ ಬಂದಿದ್ದಕ್ಕೇ ಕೈ ಹೊಸೆಯುವವರ ಕೆಲಸ ಹೋಯಿತು ಅಂತ ನಾನು ಹೇಳಿದ್ದು. ಚೌಕವೋ ದುಂಡೋ, ಅದರ ಪಾಠ ಬೇಡ.

ಸ್ವಂತ ದಾರಿ
ಯಾವ ಗೈಡೂ ಬೇಡ, ಯಾವ ವ್ಯಾನೂ ಬೇಡ. ಲಾಂಗ್ ಬಿಯೆನ್ ಬಸ್ ಸ್ಟ್ಯಾಂಡಿನಿಂದ 47ಎ ಬಸ್ ಹಿಡಿಯಿರಿ, ಕೆಂಪು ನದಿ ದಾಟಿ ಬಾಟ್ ಟ್ರಾಂಗ್‌ನಲ್ಲಿ ಇಳಿಯಿರಿ. ಮೂವತ್ತೈದು ರೂಪಾಯಿ ಒಳಗೆ ಮುಗಿಯುತ್ತದೆ. ಹದಿಮೂರು ಹದಿನಾಲ್ಕು ಕಿಲೋಮೀಟರ್ ಅಷ್ಟೇ. 55 ಡಾಲರ್ ಕೊಡುವವರಿಗೆ ದೊಡ್ಡ ನಮಸ್ಕಾರ.

ಅಲ್ಲಿ ಮುಂದಿನ ಬೀದಿಯ ಸಾಲು ಅಂಗಡಿಗಳಿಗೆ ಮರುಳಾಗಬೇಡಿ. ನದಿ ಕಡೆಯ ಹಳೇ ಓಣಿಗೆ ನುಗ್ಗಿ. ಇಬ್ಬರು ಎದುರುಬದುರು ಬಂದರೆ ಒಬ್ಬರು ಗೋಡೆಗೆ ಒರಗಬೇಕು, ಅಷ್ಟು ಕಿರಿದು. ಹಿಂದೆ ಕಲ್ಲಿದ್ದಲ ಭಟ್ಟಿ ಇದ್ದಾಗ ಅದೇ ಗೋಡೆಗಳಿಗೆ ಕಲ್ಲಿದ್ದಲ ಪುಡಿಯ ಬಿಲ್ಲೆಗಳನ್ನು ಬೆರಣಿ ತಟ್ಟಿದ ಹಾಗೆ ತಟ್ಟುತ್ತಿದ್ದರು. ಈಗ ಹೆಚ್ಚಿನವರು ಗ್ಯಾಸ್ ಭಟ್ಟಿಗೆ ಹೋಗಿದ್ದಾರೆ. ನಾನು ತಿಗರಿ ಮೇಲೆ ಕೂತು ಬಟ್ಟಲು ಮಾಡಿದೆ, 70 ಸಾವಿರ ಡಾಂಗ್. ಭಟ್ಟಿಗೆ ಹಾಕಿ ಮೆರುಗು ಕೊಡಲು ದಿನಗಟ್ಟಲೆ ಬೇಕು, ಒಣಗಿಸಿ ಕೊಟ್ಟರು. ಬೆಂಗಳೂರಿಗೆ ಬರುವಷ್ಟರಲ್ಲಿ ಅದು ಮಣ್ಣಾಗಿತ್ತು. ಪರವಾಗಿಲ್ಲ. ಚಹಾ ಸೆಟ್ ಒಂದು ತಂದೆ, 4 ಲಕ್ಷ 20 ಸಾವಿರ ಡಾಂಗ್‌ಗೆ. ಕ್ಯಾಬಿನ್ ಬ್ಯಾಗ್ 7 ಕೆಜಿಗೆ 900 ಗ್ರಾಂ ಜಾಸ್ತಿ ಆಯಿತು ಅಂತ ಕೌಂಟರ್‌ನಲ್ಲಿ ಜಗಳ. ಜಾಕೆಟ್ ಜೇಬಿನಲ್ಲಿ ಎರಡು ಬಟ್ಟಲು, ಹೆಂಡತಿ ಶಾಲಿನಲ್ಲಿ ಕೆಟಲ್. ಒಂದು ಪೈಸೆ ಕಟ್ಟಲಿಲ್ಲ.

ಫಿಲ್ಟರ್ ಕಾಫಿ
ಸ್ವಂತ ದಾರಿಯವರು ಎಲ್ಲ ಕಡೆ ಇದನ್ನೇ ಬರೆಯುತ್ತಾರೆ. ಆ ಭಾಷೆ ಬರದೆ ಓಣಿಗೆ ನುಗ್ಗಿ ನೀವು ಏನು ಮಾತಾಡಿದಿರಿ? ಯಾರ ಮನೆ, ಏನು ಕೆಲಸ, ಯಾರಿಗೆ ಗೊತ್ತಾಯಿತು? ಗೋಡೆ ನೋಡಿಕೊಂಡು ಬಂದಿರಿ ಅಷ್ಟೇ.

ಸ್ವಂತ ದಾರಿ
ನೀವು ಗೈಡ್ ಇಟ್ಟುಕೊಂಡು ಖಾಲಿ ಕಟ್ಟೆ ನೋಡಿಕೊಂಡು ಬಂದಿರಿ ಅಲ್ವಾ. ಗೋಡೆ ಎಷ್ಟೋ ವಾಸಿ.

ಮಗ್ಗದ ಮನೆ
ರೇಷ್ಮೆಯ ವಾನ್ ಫುಕ್ ಬಗ್ಗೆ ಯಾರೂ ಹೇಳಲಿಲ್ಲ. ನಮ್ಮದು ದೊಡ್ಡಬಳ್ಳಾಪುರ, ಮನೆಯಲ್ಲೇ ಪವರ್‌ಲೂಮ್. ನನಗೆ ರೇಷ್ಮೆ ಮಾರಲು ಬರುವವರು ಸ್ವಲ್ಪ ಹುಷಾರಾಗಿರಬೇಕು. ವಾನ್ ಫುಕ್ ಈಗ ಹಳ್ಳಿಯಲ್ಲ, ಹನೋಯಿ ಊರೊಳಗೇ ಸೇರಿಹೋಗಿದೆ. ಹಾ ಡಾಂಗ್ ಕಡೆಗೆ 2021ರಲ್ಲಿ ಶುರುವಾದ ಮೆಟ್ರೋ ಇದೆ, ಇಳಿದ ಮೇಲೆ ಗ್ರಾಬ್ (ಆ್ಯಪ್ ಟ್ಯಾಕ್ಸಿ) ಹಿಡಿದರೆ ಆಯಿತು. ಆದರೆ ನಮ್ಮನ್ನು ಟೂರ್‌ನವರು ಕರೆದುಕೊಂಡು ಹೋದರು. ಬಣ್ಣ ಬಣ್ಣದ ಕೊಡೆ ನೇತುಹಾಕಿದ ಬೀದಿಯಲ್ಲಿ ಇಳಿಸಿ ಒಂದು ಗಂಟೆ ಶಾಪಿಂಗ್ ಅಂದರು.

ಗೈಡ್ ಹೇಳಿದ ಅಂಗಡಿಯಲ್ಲಿ ಸ್ಕಾರ್ಫ್ 6 ಲಕ್ಷ ಡಾಂಗ್, ಅಂದರೆ ಎರಡು ಸಾವಿರ ರೂಪಾಯಿ. ಮುಟ್ಟಿದ ಕೂಡಲೇ ಪಾಲಿಯೆಸ್ಟರ್ ಅಂತ ಗೊತ್ತಾಯಿತು. ಅಂಚಿನಿಂದ ಎರಡು ಎಳೆ ತೆಗೆದು ಸುಟ್ಟು ತೋರಿಸಿ ಅಂದೆ. ರೇಷ್ಮೆಯಾದರೆ ಕೂದಲು ಸುಟ್ಟ ವಾಸನೆ, ಬೂದಿ ಬೆರಳಲ್ಲಿ ಪುಡಿಯಾಗಬೇಕು. ಆಯಮ್ಮ ಲೈಟರ್ ಇಲ್ಲ ಅಂದಳು. ನನ್ನ ಹತ್ತಿರ ಬೆಂಕಿಪೊಟ್ಟಣ ಇತ್ತು. ಗೈಡ್ ನಡುವೆ ಬಂದು ಹೊರಗೆ ಎಳೆದುಕೊಂಡು ಹೋದ. 2017ರಲ್ಲಿ ಹನೋಯಿಯ ಹೆಸರಾಂತ ರೇಷ್ಮೆ ಬ್ರ್ಯಾಂಡ್ ಒಂದರ ಸ್ಕಾರ್ಫ್‌ಗಳಲ್ಲಿ ಮೇಡ್ ಇನ್ ಚೈನಾ ಲೇಬಲ್ ಸಿಕ್ಕಿ ಮಾಲೀಕರೇ ಒಪ್ಪಿಕೊಂಡ ಸುದ್ದಿ ಅಲ್ಲಿನವರೇ ಹೇಳುತ್ತಾರೆ.

ಆಮೇಲೆ ನಾನೇ ಮಗ್ಗದ ಸದ್ದು ಕೇಳಿಸಿದ ಕಡೆ ಹೋದೆ. ಒಂದು ಮನೆಯಲ್ಲಿ ವಿನ್ಯಾಸ ನೇಯುವ ಜಕಾರ್ಡ್ ಮಗ್ಗ, ಮೇಲೆ ಪಂಚ್ ಕಾರ್ಡ್ ಸರಪಳಿ. ನಮ್ಮಪ್ಪನ ಕಾಲದ್ದೇ ಥರ. ಅಜ್ಜ ಒಬ್ಬರು ತುಂಡಾದ ಎಳೆ ಗಂಟು ಹಾಕುತ್ತಿದ್ದರು. ನಾನೂ ಒಂದು ಗಂಟು ಹಾಕಿ ತೋರಿಸಿದೆ. ನೀರು ಕೊಟ್ಟರು, ಬಟ್ಟೆ ತೋರಿಸಿದರು. ಅಲ್ಲೇ ಮೂರು ಮೀಟರ್ ತಗೊಂಡೆ, ಚೌಕಾಸಿ ಮಾಡಲಿಲ್ಲ.

ಸ್ವಂತ ದಾರಿ
ಚೌಕಾಸಿ ಮಾಡದೆ ತಗೊಂಡಿರಾ? ಅದಕ್ಕೇ ನಮ್ಮವರನ್ನು ಕಂಡರೆ ಅವರು ರೇಟ್ ಏರಿಸುವುದು.

ಮಗ್ಗದ ಮನೆ
ನೇಯುವವನ ಮನೆಯಲ್ಲಿ ನಾನು ಚೌಕಾಸಿ ಮಾಡುವುದಿಲ್ಲ ಸ್ವಾಮಿ. ನಮ್ಮ ಮನೆಗೂ ಅಂಥವರು ಬರುತ್ತಾರೆ. ಅವರ ಮುಖ ನೆನಪಿದೆ.

ಗೊಂಬೆ ಊರು
ಅಯ್ಯೋ, ಲ್ಯಾಕರ್ ನೋಡೋಕೆ ಹಾ ಥಾಯ್ ತನಕ ಯಾಕೆ ಹೋಗಬೇಕು? ನಮ್ಮ ಚನ್ನಪಟ್ಟಣದಲ್ಲೇ ಇದೆಯಲ್ಲ ಅದೇ ಅರಗಿನ ಕೆಲಸ. ಬೆಂಗಳೂರಿಂದ ಒಂದೂವರೆ ಗಂಟೆ.

ಬಣ್ಣದ ಡಬ್ಬಿ
ಅದೇ ಅಲ್ಲ. ಚನ್ನಪಟ್ಟಣದ್ದು ಅರಗು, ಹುಳು ಕೊಡುವುದು. ಹಾಲೆ ಮರದ ತುಂಡು ಲೇತ್ ಮೇಲೆ ತಿರುಗುವಾಗ ಅರಗಿನ ಕಡ್ಡಿ ಒತ್ತಿದರೆ ಆ ಬಿಸಿಗೆ ಕರಗಿ ಹಿಡಿಯುತ್ತದೆ. ಒಂದೇ ಕೂತಲ್ಲಿ ಗೊಂಬೆ ಮುಗಿಯುತ್ತದೆ. ವಿಯೆಟ್ನಾಂದು ಮರದ ಹಾಲು. ಹಸಿಯಾಗಿದ್ದಾಗ ಮೈಗೆ ತಾಗಿದರೆ ಕೆಲವರಿಗೆ ತುರಿಕೆ, ಗುಳ್ಳೆ. ಅದು ಒಣಗಲು ಬಿಸಿಲಲ್ಲ, ತೇವ ಇರುವ ಗಾಳಿ ಬೇಕು. ಒಂದು ಪದರ ಹಚ್ಚಿ, ಒಣಗಿಸಿ, ನೀರು ಹಾಕಿ ಉಜ್ಜಿ, ಮತ್ತೆ ಹಚ್ಚಿ, ಹೀಗೆ ಹತ್ತಾರು ಪದರ. ಬಿಳಿ ಬೇಕಾದ ಕಡೆ ಮೊಟ್ಟೆ ಚಿಪ್ಪು ಅಂಟಿಸುತ್ತಾರೆ. ನಾನು ಚಿತ್ರಕಲೆ ಮೇಷ್ಟ್ರು. ಟೂರ್‌ನಲ್ಲಿ ಒಂದು ಗಂಟೆಯಲ್ಲಿ ಲ್ಯಾಕರ್ ತಟ್ಟೆ ಮಾಡಿಸಿಕೊಡುತ್ತೇವೆ ಅಂದರೆ ಅದು ಅಂಗಡಿ ಪೇಂಟು. ನನ್ನಿಂದ 3 ಲಕ್ಷ ಡಾಂಗ್ ತಗೊಂಡು ಹಾಗೇ ಮಾಡಿದರು.

ನಿಜವಾಗಿ ನೋಡಬೇಕಾದ್ದು ಡಾಂಗ್ ಹೋ. ಹನೋಯಿಯಿಂದ ಮೂವತ್ತು ಚಿಲ್ಲರೆ ಕಿಲೋಮೀಟರ್, ಬಾಕ್ ನಿನ್ ಕಡೆ. ಮರದ ಅಚ್ಚಿನ ಚಿತ್ರ, ಪ್ರತಿ ಬಣ್ಣಕ್ಕೂ ಬೇರೆ ಅಚ್ಚು, ಕಪ್ಪು ಗೆರೆ ಕೊನೆಗೆ. ಕಪ್ಪು ಬರುವುದು ಬಿದಿರೆಲೆ ಸುಟ್ಟ ಮಸಿಯಿಂದ. ಕಾಗದಕ್ಕೆ ಚಿಪ್ಪಿನ ಪುಡಿ ಬಳಿದಿರುತ್ತಾರೆ, ಬೆಳಕಿಗೆ ಹಿಡಿದರೆ ಮಿನುಗುತ್ತದೆ. ಇಲಿ ಮದುವೆ ದಿಬ್ಬಣದ ಚಿತ್ರ ಇದೆ, ಬೆಕ್ಕಿಗೆ ಲಂಚ ಕೊಟ್ಟು ದಿಬ್ಬಣ ಹೊರಡಿಸುತ್ತಾರೆ. ನಮ್ಮ ಕಚೇರಿಗೊಂದು ತೂಗುಹಾಕಬೇಕು ಅನಿಸಿತು. ಈಗ ಬೆರಳೆಣಿಕೆಯ ಮನೆಯವರು ಮಾತ್ರ ಇದನ್ನು ಮಾಡುತ್ತಾರೆ. ಉಳಿದ ಊರೆಲ್ಲ ಪೂರ್ವಜರಿಗೆ ಸುಡುವ ಕಾಗದದ ಸಾಮಾನಿಗೆ ತಿರುಗಿದೆ. 2025ರ ಡಿಸೆಂಬರ್‌ನಲ್ಲಿ ದೆಹಲಿಯಲ್ಲಿ ನಡೆದ ಯುನೆಸ್ಕೊ ಸಭೆಯಲ್ಲಿ ತುರ್ತಾಗಿ ಉಳಿಸಬೇಕಾದ ಕಲೆಗಳ ಪಟ್ಟಿಗೆ ಸೇರಿತು. ನಮ್ಮ ದೀಪಾವಳಿ ಯುನೆಸ್ಕೊ ಪಟ್ಟಿಗೆ ಬಂದಿದ್ದೂ ಅದೇ ಸಭೆಯಲ್ಲಿ.

ಫಿಲ್ಟರ್ ಕಾಫಿ
ಪಟ್ಟಿಗೆ ಸೇರಿತಲ್ಲ, ಇನ್ನು ಅಲ್ಲೂ ವ್ಯಾನ್ ಸಾಲು.

ಬಣ್ಣದ ಡಬ್ಬಿ
ಬರಲಿ ಬಿಡಿ ಸರ್. ಚಿತ್ರ ಕೊಳ್ಳುವವರಿಲ್ಲದೆ ತಾನೆ ಅವರು ಸುಡುವ ಕಾಗದಕ್ಕೆ ಹೋಗಿದ್ದು. ವ್ಯಾನ್ ಬಂದರೆ ಹತ್ತರಲ್ಲಿ ಇಬ್ಬರಾದರೂ ತಗೊಳ್ಳುತ್ತಾರೆ.

ಸಾರು ಅನ್ನ
ಊಟದ ಬಗ್ಗೆ ಹೇಳಿ ಯಾರಾದರೂ! ನಮ್ಮಮ್ಮನಿಗೆ ಟೂರ್ ಊಟದಲ್ಲಿ ಸೊಪ್ಪಿನ ಪಲ್ಯ ಅಂತ ಕೊಟ್ಟಿದ್ದರಲ್ಲಿ ಮೀನಿನ ಸಾಸ್. ಗೈಡ್‌ಗೆ ಹೇಳಿದರೆ 'ಮೀನು ಇಲ್ಲ, ಸಾಸ್ ಮಾತ್ರ' ಅಂದ. ಅಮ್ಮ ಆ ದಿನ ಪೂರ್ತಿ ಬಾಳೆಹಣ್ಣು, ಮನೆಯಿಂದ ತಂದ ಅವಲಕ್ಕಿ. ಮಾರನೇ ದಿನ ಕೋಡುಬಳೆ ಡಬ್ಬಿ ಖಾಲಿ. ಅಲ್ಲಿಯವರು ತಿಂಗಳ 1 ಮತ್ತು 15ನೇ ತಾರೀಕು, ಅವರ ಚಾಂದ್ರಮಾನ ಲೆಕ್ಕದಲ್ಲಿ, ಬಹಳ ಜನ ಸಸ್ಯಾಹಾರ ತಿನ್ನುತ್ತಾರೆ. ಆ ದಿನ ಹೋದರೆ 'ಚಾಯ್' (ಟೀ ಅಲ್ಲ, ಸಸ್ಯಾಹಾರ ಅಂತ) ಬೋರ್ಡ್ ಇರುವ ಹೋಟೆಲುಗಳಲ್ಲಿ ರಶ್ಶು, ಆದರೆ ಊಟ ನಿಶ್ಚಿಂತೆ.

ಕಾವೇರಿ ತೀರ
ಆ ಚಾಂದ್ರಮಾನ ತಾರೀಕು ನಾವು ಕಂಡುಹಿಡಿಯುವುದು ಹೇಗೆ? ಸಂತೆಗೂ ಅದೇ ಲೆಕ್ಕ ಅಂದಿರಲ್ಲ.

ಸಾರು ಅನ್ನ
ಅತ್ತೆಯವರ ಪಂಚಾಂಗ ತೆಗೆಯಿರಿ. ನಮ್ಮ ಹಾಗೇ ಅವರಿಗೂ ಅಮಾವಾಸ್ಯೆಗೆ ತಿಂಗಳು ಮುಗಿಯುತ್ತದೆ. 15 ಅಂದರೆ ಹುಣ್ಣಿಮೆ. ಟೋಪಿ ಸಂತೆ ಅಂದರೆ ಶುದ್ಧ ಚೌತಿ, ದಶಮಿ, ಚತುರ್ದಶಿ, ಆಮೇಲೆ ಬಹುಳ ಪಂಚಮಿ, ನವಮಿ, ಅಮಾವಾಸ್ಯೆ.

ಮಲೆನಾಡ ಮಳೆ
ತಪ್ಪು. ನಮ್ಮ ತಿಥಿ ಕ್ಷಯ, ವೃದ್ಧಿ ಆಗುತ್ತದೆ. ಅವರದು ಒಂದೊಂದೇ ದಿನ ಎಣಿಸಿಕೊಂಡು ಹೋಗುವುದು. ಒಂದು ದಿನ ಆಚೀಚೆ ಆಗೇ ಆಗುತ್ತೆ. 29 ದಿನದ ತಿಂಗಳಲ್ಲಿ 30 ಅನ್ನುವುದೇ ಇರುವುದಿಲ್ಲ. ಪಂಚಾಂಗ ನಂಬಿಕೊಂಡು ಬೆಳಗಿನ ಜಾವ ಟ್ಯಾಕ್ಸಿಗೆ ಆರು ಲಕ್ಷ ಡಾಂಗ್ ಕೊಟ್ಟು ಹೋಗಿ ಖಾಲಿ ಕಟ್ಟೆ ನೋಡಿದರೆ ಯಾರು ಜವಾಬ್ದಾರಿ?

ಸಾರು ಅನ್ನ
ಒಂದು ದಿನ ಆಚೀಚೆ ಅಂತ ಹೇಳಿದರೆ ಸಾಕಿತ್ತು. ತಪ್ಪು ಅಂತ ಶುರು ಮಾಡುವುದೇಕೆ? ಬತ್ತಿಯವರ ಮೇಲಿನ ಸಿಟ್ಟು ನನ್ನ ಮೇಲೆ ತೀರಿಸಬೇಡಿ.

ಬತ್ತಿ ಬಿಸಿನೆಸ್
ಅವರು ಹೇಳಿದ್ದು ಈ ಸಲ ಸರಿ ಇದೆ. ಮೇಡಂ, ಹೋಟೆಲಿನ ಗೋಡೆಗೆ ಹರಿಯುವ ಕ್ಯಾಲೆಂಡರ್ ಹಾಕಿರುತ್ತಾರೆ. ದೊಡ್ಡ ಅಂಕೆ ಇಂಗ್ಲಿಷ್ ತಾರೀಕು, ಕೆಳಗೆ ಚಿಕ್ಕದು ಚಾಂದ್ರಮಾನದ್ದು. ಅದನ್ನು ನೋಡಿ ಬುಕ್ ಮಾಡಿ. ಸಂತೆ ದಿನ ಸಿಕ್ಕರೆ ವ್ಯಾನ್ ಬೇಡವೇ ಬೇಡ, ಕಾರ್ ಮಾಡಿಕೊಂಡು ಐದಕ್ಕೇ ಹೊರಡಿ. ಅತ್ತೆಯವರನ್ನು ಹೋಟೆಲಿನಲ್ಲೇ ಬಿಡಿ.

ಸಾರು ಅನ್ನ
ಅತ್ತೆಯನ್ನು ಬಿಟ್ಟು ಹೋಗಿ ಅಂತ ಎಷ್ಟು ಸುಲಭವಾಗಿ ಹೇಳಿದಿರಿ ನೋಡಿ!